ಆಕಾಶದ ಕರಾರಿಗೆ ಯಾರ ರುಜು?

ಮುಸ್ಸಂಜೆಯಲ್ಲಿ ನಾವು ಮಕ್ಕಳು ಜಗಳ ಕಾದು ‘ನಿನ್ನ ಕೈ ಮುರಿದುಹೋಗಲಿ’ ಎಂದು ಒಬ್ಬರಿಗೊಬ್ಬರು ಬಯ್ದುಕೊಂಡರೆ ಅಜ್ಜಿ ಒಲೆಯ ಮುಂದಿನಿಂದ ಎದ್ದು ಬರುತ್ತಿದ್ದರು. ಕುಂದಾಪುರ ಕಡೆಯ ಅವರ ಮಾತು ಇವತ್ತಿಗೂ ಕಿವಿಯಲ್ಲಿದೆ: ‘ಈ ಹೊತ್ತಿಗ್ ಹಾಂಗೆಲ್ಲ ಹೇಳುಕಾಗ ಮಗಾ.’ ದೀಪ ಹಚ್ಚುವ ಆ ಹೊತ್ತಿಗೆ ಅಸ್ತು ದೇವತೆಗಳು ಆಕಾಶದಲ್ಲಿ ಸಂಚಾರ ಹೊರಟಿರುತ್ತಾರೆ. ಕೆಳಗೆ ಯಾರು ಏನು ಆಡಿದರೂ ‘ಅಸ್ತು’ ಎಂದುಬಿಡುತ್ತಾರೆ. ಅವರು ದಾಟಿಹೋಗುವವರೆಗೆ ನಾಲಗೆ ಬಿಗಿಹಿಡಿಯಬೇಕು.

ನನಗೆ ತಿಳಿದ ಮೊದಲ ವಾಯುಯಾನ ನಿಯಮ ಅದು. ಮೇಲೆ ಹಾರುವವರಿಗೆ ಹೊತ್ತು ಗೊತ್ತಾಗಿದೆ, ಕೆಳಗಿರುವವರು ಹೇಗೆ ನಡೆದುಕೊಳ್ಳಬೇಕೆಂಬುದೂ ಗೊತ್ತಾಗಿದೆ. ಇಷ್ಟೇ ಆಗಿದ್ದರೆ ಅದನ್ನು ಅಪ್ಪಣೆ ಎನ್ನಬಹುದಿತ್ತು. ಆದರೆ ಅಜ್ಜಿಯ ನಿಯಮಕ್ಕೆ ಇನ್ನೊಂದು ಮಗ್ಗುಲಿತ್ತು. ಮೇಲಿನವರು ಕೆಳಗಿನವರ ಮಾತಿಗೆ ಕಿವಿಗೊಟ್ಟುಕೊಂಡೇ ಹೋಗಬೇಕು, ಕೇಳಿಸಿಕೊಂಡ ಪ್ರತಿಯೊಂದಕ್ಕೂ ಉತ್ತರ ಕೊಡಬೇಕು. ಎರಡೂ ಕಡೆಗೆ ಕಟ್ಟುಪಾಡು ಇದ್ದದ್ದರಿಂದ ಅದು ಕರಾರು.

ಈಗ ಅದೇ ಹೊತ್ತಿನಲ್ಲಿ ಕಾಮೋಠೆಯ ನಮ್ಮ ಸೊಸೈಟಿಯ ಟೆರೇಸ್ ಹತ್ತಿ ದಕ್ಷಿಣಕ್ಕೆ ನೋಡಿದರೆ ದೀಪಗಳು ಇಳಿಯುತ್ತವೆ, ಏಳುತ್ತವೆ. ನವಿ ಮುಂಬಯಿಯ ಹೊಸ ವಿಮಾನ ನಿಲ್ದಾಣ 2025ರ ಅಕ್ಟೋಬರ್ 8ರಂದು ಉದ್ಘಾಟನೆಯಾಯಿತು. ಡಿಸೆಂಬರ್ 25ರ ಬೆಳಿಗ್ಗೆ ಮೊದಲ ಪ್ರಯಾಣಿಕ ವಿಮಾನ ಬಂದಿಳಿಯಿತು. ಅದು ಬಂದದ್ದು ಬೆಂಗಳೂರಿನಿಂದ. ಈ ಕಡೆಯ ಕನ್ನಡಿಗರಿಗೆ ಆ ಸುದ್ದಿ ಹಬ್ಬದ ಸಿಹಿಯಂತಿತ್ತು, ನನಗೂ. ಊರಿಗೆ ಹೋಗಲು ವಾಶಿ ಸೇತುವೆ ದಾಟಿ ಮುಂಬಯಿಯ ಟ್ರಾಫಿಕ್‌ನಲ್ಲಿ ಗಂಟೆಗಟ್ಟಲೆ ಕೂತವರಿಗೆ ಮನೆಯ ಬಾಗಿಲಿಗೇ ವಿಮಾನ ಬಂದಂತಾಯಿತು. ಆ ಸಂತೋಷವನ್ನು ನಾನು ಅಲ್ಲಗಳೆಯಲಾರೆ.

ಸಂಕ್ರಾಂತಿಯ ದಿನ ಮೊಮ್ಮಗನ ಜೊತೆ ಟೆರೇಸ್ ಮೇಲೆ ಗಾಳಿಪಟ ಹಾರಿಸುತ್ತಿದ್ದೆ. ಫಿರ್ಕಿ ನನ್ನ ಕೈಯಲ್ಲಿ, ದಾರ ಅವನ ಕೈಯಲ್ಲಿ. ಸುತ್ತಲಿನ ಬಿಲ್ಡಿಂಗುಗಳ ನೆತ್ತಿಯ ಮೇಲೆಲ್ಲ ಮಕ್ಕಳ ಕೂಗು. ಒಂದು ವಿಮಾನ ದೊಡ್ಡದಾಗುತ್ತ ಬಂತು. ಹುಡುಗ ದಾರ ಎಳೆಯುವುದನ್ನು ನಿಲ್ಲಿಸಿ ಕೇಳಿದ: ‘ಅಜ್ಜ, ಆಕಾಶ ಯಾರದ್ದು? ಅವರು ಬರುವಾಗ ನಾವು ಪಟ ಇಳಿಸಬೇಕಾ?’

ಅವನಿಗೆ ಆಗ ಸರಿಯಾದ ಉತ್ತರ ಕೊಡಲಿಲ್ಲ. ಈ ವಾರದ ಅಂಕಣ ಆ ಪ್ರಶ್ನೆಯ ಬೆನ್ನು ಹತ್ತಿ ಬರೆದದ್ದು.

ಆಕಾಶವನ್ನು ಹಂಚಿಕೊಂಡ ಒಪ್ಪಂದಗಳಲ್ಲಿ ನನಗೆ ಎಲ್ಲಕ್ಕಿಂತ ದೊಡ್ಡದಾಗಿ ಕಾಣುವುದು ತ್ರಿಶಂಕುವಿನದ್ದು. ಅತ್ತಲೂ ಅಲ್ಲ ಇತ್ತಲೂ ಅಲ್ಲ ಎಂಬುದಕ್ಕೆ ‘ತ್ರಿಶಂಕು ಸ್ಥಿತಿ’ ಎಂದು ದಿನವೂ ಬಳಸಿ ಬಳಸಿ ಆ ಕತೆಯ ಕೊನೆಯನ್ನು ನಾವು ಮರೆತಿದ್ದೇವೆ. ರಾಮಾಯಣದ ಬಾಲಕಾಂಡದಲ್ಲಿ ಅದು ಪೂರ್ತಿಯಾಗಿದೆ. ಇಕ್ಷ್ವಾಕು ವಂಶದ ಅರಸನಿಗೆ ಈ ದೇಹದಲ್ಲೇ ಸ್ವರ್ಗಕ್ಕೆ ಹೋಗುವಾಸೆ. ವಸಿಷ್ಠರು ಆಗದೆಂದರು, ವಸಿಷ್ಠರ ಮಕ್ಕಳು ಶಪಿಸಿದರು. ವಿಶ್ವಾಮಿತ್ರ ಯಜ್ಞ ಮಾಡಿ ತಪೋಬಲದಿಂದ ಅವನನ್ನು ಮೇಲಕ್ಕೇರಿಸಿದ. ಇಂದ್ರ ಅಲ್ಲಿಂದ ತಳ್ಳಿದ. ತಲೆಕೆಳಗಾಗಿ ಬೀಳುತ್ತಿದ್ದವನನ್ನು ವಿಶ್ವಾಮಿತ್ರ ನಡುವಿನಲ್ಲೇ ತಡೆದು ನಿಲ್ಲಿಸಿ, ಕೋಪದಿಂದ ದಕ್ಷಿಣ ದಿಕ್ಕಿನಲ್ಲಿ ಹೊಸ ಸಪ್ತರ್ಷಿಗಳನ್ನೂ ಹೊಸ ನಕ್ಷತ್ರಗಳನ್ನೂ ಸೃಷ್ಟಿಸತೊಡಗಿದ. ಇನ್ನೊಬ್ಬ ಇಂದ್ರನನ್ನೇ ಮಾಡುತ್ತೇನೆ ಎಂದು ಹೊರಟಾಗ ದೇವತೆಗಳು ಹೆದರಿ ಮಾತುಕತೆಗೆ ಬಂದರು.

ಆಗ ಆದ ಒಪ್ಪಂದದ ಷರತ್ತುಗಳು ಈ ಕಾಲದ ವಾಯುಯಾನ ಇಲಾಖೆಯವರೂ ಓದಬೇಕಾದಷ್ಟು ಖಚಿತವಾಗಿವೆ. ವಿಶ್ವಾಮಿತ್ರ ಸೃಷ್ಟಿಸಿದ ನಕ್ಷತ್ರಗಳು ಎಂದೆಂದಿಗೂ ಇರುತ್ತವೆ, ಆದರೆ ವೈಶ್ವಾನರ ಪಥದ ಹೊರಗೆ. ಅಂದರೆ ದೇವತೆಗಳ ಸಂಚಾರಮಾರ್ಗ ಬೇರೆ, ಈ ನಕ್ಷತ್ರಗಳ ನೆಲೆ ಬೇರೆ. ತ್ರಿಶಂಕು ತಲೆಕೆಳಗಾಗಿಯೇ ಇರುತ್ತಾನೆ, ಆದರೆ ಬೀಳುವುದಿಲ್ಲ. ಅವನ ಸುತ್ತ ಅವನದೇ ನಕ್ಷತ್ರಗಳು ಬೆಳಗುತ್ತವೆ. ಇಂದ್ರನ ಅಧಿಕಾರ ಉಳಿಯಿತು, ವಿಶ್ವಾಮಿತ್ರನ ಮಾತೂ ಉಳಿಯಿತು. ಮಾತುಕತೆ ನಡೆದದ್ದು ಆ ಇಬ್ಬರು ಬಲಾಢ್ಯರ ಕಡೆಯವರ ನಡುವೆ. ಆದರೂ ಯಾವ ಪಕ್ಷಕ್ಕೂ ಸೇರದ, ಯಾವ ಬಲವೂ ಇಲ್ಲದ ಆ ಮೂರನೆಯವನಿಗೆ ಎಲ್ಲಿ ಜಾಗ ಎಂಬುದನ್ನು ಬರೆಯದೆ ಅವರು ಏಳಲಿಲ್ಲ. ಈಗಿನ ಒಪ್ಪಂದಗಳಲ್ಲಿ ನಾನು ಹುಡುಕುವುದು ಆ ಸಾಲನ್ನೇ.

ಪ್ಯಾರಿಸ್‌ನಲ್ಲಿ ಬಿಸಿಗಾಳಿಯ ಬಲೂನು ಹಾರಿದ ಮರುವರ್ಷವೇ, 1784ರಲ್ಲಿ, ಅಪ್ಪಣೆಯಿಲ್ಲದೆ ಬಲೂನು ಹಾರಿಸಕೂಡದೆಂದು ಅಲ್ಲಿನ ಪೊಲೀಸರು ಆಜ್ಞೆ ಹೊರಡಿಸಿದರು. ಮೊದಲ ಮಹಾಯುದ್ಧ ಮುಗಿದ ಮೇಲೆ 1919ರಲ್ಲಿ ಅದೇ ಊರಿನಲ್ಲಿ ರಾಷ್ಟ್ರಗಳು ಕೂತು, ತನ್ನ ನೆಲದ ಮೇಲಿನ ಆಕಾಶ ಆಯಾ ರಾಜ್ಯದ್ದು ಎಂದು ಬರೆದುಕೊಂಡವು. 1944ರ ಡಿಸೆಂಬರ್ 7ರಂದು ಚಿಕಾಗೋದಲ್ಲಿ 52 ದೇಶಗಳು ರುಜು ಹಾಕಿದ ಒಪ್ಪಂದವೇ ಇಂದಿಗೂ ಜಗತ್ತಿನ ವಿಮಾನಗಳಿಗೆ ಆಧಾರ. ಅದರ ಮೊದಲ ಕಲಮೇ ಹೇಳುತ್ತದೆ: ಪ್ರತಿ ದೇಶಕ್ಕೂ ತನ್ನ ಭೂಭಾಗದ ಮೇಲಿನ ವಾಯುಪ್ರದೇಶದಲ್ಲಿ ಸಂಪೂರ್ಣವಾದ, ಬೇರೆ ಯಾರಿಗೂ ಪಾಲಿಲ್ಲದ ಸಾರ್ವಭೌಮತ್ವ. ಇನ್ನೂ ಮೇಲಕ್ಕೆ ಹೋದರೆ 1967ರ ಬಾಹ್ಯಾಕಾಶ ಒಪ್ಪಂದ ಬರುತ್ತದೆ. ಚಂದ್ರ, ಗ್ರಹ, ಅಂತರಿಕ್ಷ ಯಾವ ದೇಶದ ಸ್ವತ್ತೂ ಅಲ್ಲ ಎನ್ನುತ್ತದೆ ಅದು. ವಾಯುಪ್ರದೇಶ ಎಲ್ಲಿ ಮುಗಿದು ಬಾಹ್ಯಾಕಾಶ ಎಲ್ಲಿ ಶುರು ಎಂಬ ಗೆರೆಯನ್ನು ಮಾತ್ರ ಎಲ್ಲ ದೇಶಗಳೂ ಒಪ್ಪಿ ಇನ್ನೂ ಎಳೆದಿಲ್ಲ.

ಹೀಗೆ ಕಾಮೋಠೆಯ ಮೇಲಿನ ಆಕಾಶ ಭಾರತ ಸರ್ಕಾರದ್ದು. ನಮ್ಮ ಗಾಳಿಪಟ? 1934ರ ವಿಮಾನ ಕಾಯಿದೆ ‘ವಿಮಾನ’ ಎಂಬ ಪದಕ್ಕೆ ಕೊಟ್ಟ ಅರ್ಥದೊಳಗೆ ಬಲೂನು, ಗ್ಲೈಡರುಗಳ ಜೊತೆಗೆ ಗಾಳಿಪಟವೂ ಇತ್ತು. ಆ ಕಾಯಿದೆ ಹೋಗಿ 2025ರ ಜನವರಿ 1ರಿಂದ ಭಾರತೀಯ ವಾಯುಯಾನ ಅಧಿನಿಯಮ ಬಂದಿದೆ. ಗಾಳಿಪಟ ಅದರಲ್ಲೂ ಉಳಿದಿದೆ. ಬಣ್ಣದ ಕಾಗದ, ಎರಡು ಬಿದಿರುಕಡ್ಡಿ, ಒಂದು ಬಾಲಂಗೋಚಿ ಸೇರಿದರೆ ಕಾನೂನಿನ ಕಣ್ಣಿಗೆ ಅದು ವಿಮಾನ. ಡ್ರೋನ್‌ಗಳಿಗೆ 2021ರ ನಿಯಮ ಬೇರೆ ಇದೆ. ಹಸಿರು ವಲಯದಲ್ಲಿ 400 ಅಡಿಯವರೆಗೆ ಹಾರಿಸಬಹುದು. ನಡೆಯುತ್ತಿರುವ ವಿಮಾನ ನಿಲ್ದಾಣದ ಅಂಚಿನಿಂದ 8ರಿಂದ 12 ಕಿಲೋಮೀಟರ್ ನಡುವೆ 200 ಅಡಿ ಮಾತ್ರ. ಅದಕ್ಕೂ ಹತ್ತಿರವಾದರೆ ಅನುಮತಿ ಬೇಕು. ಕಟ್ಟಡಗಳಿಗೆ 2015ರ ಎತ್ತರ ಮಿತಿಯ ನಿಯಮ. ನೂರಾರು ಜೀವ ಹೊತ್ತ ವಿಮಾನ ಇಳಿಯುವ ದಾರಿಯಲ್ಲಿ ಅಡ್ಡಿ ಇರಬಾರದು, ಸರಿ. ಈ ನಿಯಮಗಳ ಮೇಲೆ ನನಗೆ ತಕರಾರಿಲ್ಲ.

ತಕರಾರು ಇರುವುದು, ಇವೆಲ್ಲವೂ ಕೆಳಗಿನಿಂದ ಮೇಲಕ್ಕೆ ಹೋಗುವುದನ್ನಷ್ಟೇ ತಡೆಯುತ್ತವೆ ಎಂಬುದಕ್ಕೆ. ಮೇಲಿನಿಂದ ಕೆಳಕ್ಕೆ ಬರುವುದಕ್ಕೆ ಇರುವ ಕಟ್ಟು ಬಹಳ ಸಡಿಲ. ಶಬ್ದವನ್ನೇ ತೆಗೆದುಕೊಳ್ಳಿ. ವಸತಿ ಪ್ರದೇಶದಲ್ಲಿ ಹಗಲು 55, ರಾತ್ರಿ 45 ಡೆಸಿಬಲ್ ಮೀರಬಾರದೆಂದು 2000ದ ಶಬ್ದ ಮಾಲಿನ್ಯ ನಿಯಮ ಹೇಳುತ್ತದೆ. ಗಣೇಶೋತ್ಸವದ ಮಂಟಪದಲ್ಲಿ ಸ್ಪೀಕರ್ ಹಚ್ಚುವ ಹುಡುಗರಿಗೂ ಈ ಲೆಕ್ಕ ಗೊತ್ತು. 2018ರಲ್ಲಿ ಕೇಂದ್ರ ಪರಿಸರ ಸಚಿವಾಲಯ ವಿಮಾನ ನಿಲ್ದಾಣದ ಶಬ್ದ ವಲಯಕ್ಕೆ ಬೇರೆಯೇ ಮಿತಿ ಗೊತ್ತುಮಾಡಿತು: ವರ್ಷಕ್ಕೆ 50,000ಕ್ಕೂ ಹೆಚ್ಚು ವಿಮಾನಗಳು ಏರಿಳಿಯುವ ಕಡೆ ಹಗಲು 70, ರಾತ್ರಿ 65. ನಲವತ್ತೈದಕ್ಕೂ ಅರವತ್ತೈದಕ್ಕೂ ಇಪ್ಪತ್ತೇ ಹೆಚ್ಚು ಎಂದುಕೊಳ್ಳಬೇಡಿ. ಡೆಸಿಬಲ್ ಲೆಕ್ಕದಲ್ಲಿ ಹತ್ತು ಏರಿದರೆ ಶಬ್ದದ ಶಕ್ತಿ ಹತ್ತು ಪಟ್ಟಾಗುತ್ತದೆ, ಇಪ್ಪತ್ತು ಏರಿದರೆ ನೂರು ಪಟ್ಟು. ಆ ವಲಯದ ಗೆರೆಯೊಳಗೆ ಬಿದ್ದ ಮನೆಯ ಮಗು ಪಕ್ಕದ ಬೀದಿಯ ಮಗುವಿಗಿಂತ ನೂರು ಪಟ್ಟು ಸದ್ದಿನಲ್ಲಿ ಮಲಗಬಹುದು ಎಂದು ಕಾಗದವೇ ಒಪ್ಪಿಕೊಂಡಂತಾಯಿತು. ಗೆರೆ ಎಲ್ಲಿದೆ, ಯಾವ ಸೆಕ್ಟರ್ ಒಳಗೆ, ಯಾವುದು ಹೊರಗೆ ಎಂದು ನಮ್ಮ ಸೊಸೈಟಿಯ ಮೀಟಿಂಗಿನಲ್ಲಿ ಕೇಳಿದಾಗ ಹೇಳಬಲ್ಲವರು ಒಬ್ಬರೂ ಇರಲಿಲ್ಲ.

ನಾಡಿನವರಿಗೆ ಇಂಥ ಕರಾರು ಹೊಸತಲ್ಲ. ದೇವನಹಳ್ಳಿಯ ವಿಮಾನ ನಿಲ್ದಾಣಕ್ಕಾಗಿ 2004ರಲ್ಲಿ ಆದ ಒಪ್ಪಂದದಂತೆ, ಅದು ಶುರುವಾದಲ್ಲಿಂದ 25 ವರ್ಷ 150 ಕಿಲೋಮೀಟರ್ ವ್ಯಾಪ್ತಿಯೊಳಗೆ ಇನ್ನೊಂದು ಹೊಸ ನಿಲ್ದಾಣ ಬರುವಂತಿಲ್ಲ. ಮೈಸೂರು, ಹಾಸನಗಳಿಗೆ ಮಾತ್ರ ವಿನಾಯಿತಿ. ನಿಲ್ದಾಣ ಶುರುವಾದದ್ದು 2008ರಲ್ಲಿ, ಹಾಗಾಗಿ 2033ರವರೆಗೆ ಅಷ್ಟು ಅಗಲದ ಆಕಾಶ ಒಂದು ಕಂಪನಿಯ ಕರಾರಿಗೆ ಒಳಪಟ್ಟಿದೆ. ಯಲಹಂಕದಲ್ಲಿ ಏರೋ ಇಂಡಿಯಾ ನಡೆದಾಗಲಂತೂ ಮೇಲಿನ ಆಕಾಶಕ್ಕಾಗಿ ಕೆಳಗಿನ ಅಡುಗೆಮನೆಯೇ ನಿಲ್ಲುತ್ತದೆ. 2025ರ ಪ್ರದರ್ಶನಕ್ಕೆ 13 ಕಿಲೋಮೀಟರ್ ವ್ಯಾಪ್ತಿಯಲ್ಲಿ ಮಾಂಸ, ಮೀನಿನ ಅಂಗಡಿಗಳನ್ನು ವಾರಗಟ್ಟಲೆ ಮುಚ್ಚಿಸಿದರು. ಹದ್ದುಗಳು ಬರಬಾರದೆಂಬ ಕಾರಣ ನ್ಯಾಯವಾದದ್ದೇ. ಆದರೆ ಆ ದಿನಗಳಲ್ಲಿ ಸಣ್ಣ ಮೀನಂಗಡಿಯ ಹೆಂಗಸಿನ ಒಲೆ ಹೇಗೆ ಉರಿಯಬೇಕು ಎಂಬುದು ಆಜ್ಞೆ ಬರೆಯುವವರ ತಲೆಗೂ ಬರಬೇಕಿತ್ತು.

ಹಾರುವ ಆಸೆ ನಮ್ಮಲ್ಲಿ ಹಳೆಯದು. ಅದರಲ್ಲಿ ಮುಂಬಯಿ–ಕರ್ನಾಟಕದ ಒಂದು ಎಳೆಯೂ ಇದೆ. ಆನೇಕಲ್ಲಿನ ಸುಬ್ಬರಾಯ ಶಾಸ್ತ್ರಿಗಳು ಹೇಳಿ ಬರೆಸಿದ ‘ವೈಮಾನಿಕ ಶಾಸ್ತ್ರ’ವನ್ನು ನಂಬಿದವರು ಇಂದಿಗೂ ಇದ್ದಾರೆ. ಮುಂಬಯಿಯ ಶಿವಕರ ಬಾಪೂಜಿ ತಳಪದೆ ಶಾಸ್ತ್ರಿಗಳ ಮಾರ್ಗದರ್ಶನದಲ್ಲಿ ಮಾದರಿಗಳನ್ನು ಕಟ್ಟಲು ಹೊರಟರು, ಅವು ಹಾರಲಿಲ್ಲ. 1974ರಲ್ಲಿ ಭಾರತೀಯ ವಿಜ್ಞಾನ ಸಂಸ್ಥೆಯ ಎಚ್. ಎಸ್. ಮುಕುಂದ ಮತ್ತು ನಾಲ್ವರು ಸಹೋದ್ಯೋಗಿಗಳು ಆ ಪುಸ್ತಕವನ್ನು ಕೂಲಂಕಷವಾಗಿ ಪರೀಕ್ಷಿಸಿ, ಅದರ ಪಠ್ಯ 1904ಕ್ಕಿಂತ ಹಿಂದಿನದಲ್ಲ, ಅಲ್ಲಿರುವ ವಿಮಾನಗಳು ಹಾರುವಂಥವಲ್ಲ ಎಂದು ತೋರಿಸಿಕೊಟ್ಟರು. ವಿಜ್ಞಾನಿಗಳ ಮಾತೇ ನನಗೆ ಪ್ರಮಾಣ. ಪುರಾಣಗಳಲ್ಲಿ ಯಂತ್ರದ ನಕ್ಷೆ ಹುಡುಕುವುದರಿಂದ ನಮಗೇನೂ ದಕ್ಕಲಿಲ್ಲ. ನ್ಯಾಯದ ನಕ್ಷೆ ಹುಡುಕಿದ್ದರೆ ದಕ್ಕುತ್ತಿತ್ತು.

ಅಂಥದೊಂದು ನಕ್ಷೆ ವಿಂಧ್ಯದ ಕತೆಯಲ್ಲಿದೆ. ಮೇರುವಿನ ಮೇಲಿನ ಮತ್ಸರಕ್ಕೆ ವಿಂಧ್ಯ ಬೆಳೆಯುತ್ತ ಹೋಗಿ ಸೂರ್ಯಚಂದ್ರರ ದಾರಿಗೇ ಅಡ್ಡ ನಿಂತಿತು. ದೇವತೆಗಳು ಅಗಸ್ತ್ಯರ ಮೊರೆಹೊಕ್ಕರು. ನಮ್ಮ ಕಾವೇರಿಯ ಕತೆಯ ಅಗಸ್ತ್ಯರೇ. ಅವರು ಹೆಂಡತಿಯೊಡನೆ ಬಂದು, ದಕ್ಷಿಣಕ್ಕೆ ಹೋಗಬೇಕಾಗಿದೆ, ದಾರಿ ಕೊಡು, ನಾನು ಮರಳುವವರೆಗೆ ಬೆಳೆಯಬೇಡ ಎಂದು ಕೇಳಿಕೊಂಡರು. ಬೆಟ್ಟ ಒಪ್ಪಿತು. ಅಗಸ್ತ್ಯರು ಮರಳಲಿಲ್ಲ.

ನವಿ ಮುಂಬಯಿಯ ಹೊಸ ನಿಲ್ದಾಣ ಎದ್ದ ಉಲ್ವೆಯಲ್ಲೂ ಒಂದು ಬೆಟ್ಟವಿತ್ತು. ಸುಮಾರು 90 ಮೀಟರ್ ಎತ್ತರ. ರನ್‌ವೇಗಾಗಿ ಅದನ್ನು ಸಿಡಿಮದ್ದಿಟ್ಟು ಸಿಡಿಸಿ, ಕೊರೆದು, ನೆಲಕ್ಕೆ ಸಮ ಮಾಡಿದರು. ಅದೇ ಕಲ್ಲುಮಣ್ಣಿನಿಂದ ತಗ್ಗು ತುಂಬಿದರು. ಉಲ್ವೆ ನದಿಯ ಪಾತ್ರವನ್ನೇ ತಿರುಗಿಸಿದರು. ಸಿಡಿತದ ಮಂದ ಗುಡುಗು ಕಾಮೋಠೆಯ ನಮ್ಮ ಅಡುಗೆಮನೆಯವರೆಗೂ ಬರುತ್ತಿತ್ತು. ಮಳೆ ಬಂತೇನೋ ಎಂದು ಹೆಂಡತಿ ಒಣಹಾಕಿದ ಬಟ್ಟೆ ತೆಗೆಯಲು ಹೋದದ್ದೂ ಇದೆ. 1,160 ಹೆಕ್ಟೇರಿನ ಆ ನಿಲ್ದಾಣಕ್ಕಾಗಿ ಹತ್ತು ಊರುಗಳು ಎದ್ದುಹೋದವು: ಚಿಂಚಪಾಡಾ, ಕೋಪರ್, ಕೋಲ್ಹಿ, ಉಲ್ವೆ, ವರಚೆ ಓವಳೆ, ವಾಘಿವಲಿ, ವಾಘಿವಲಿವಾಡಾ, ಗಣೇಶಪುರಿ, ತರಘರ್, ಕೊಂಬಡಭುಜೆ. ಹೆಸರುಗಳನ್ನು ಬೇಕೆಂದೇ ಒಂದೊಂದಾಗಿ ಬರೆದಿದ್ದೇನೆ. ನಮ್ಮವರು ಅಲ್ಲಿಂದ ಬೆಂಗಳೂರಿಗೆ ವಿಮಾನ ಹತ್ತುವಾಗ ಕಾಲಿಡುವುದು ಈ ಊರುಗಳ ಅಂಗಳದಲ್ಲಿ.

ನಿಲ್ದಾಣಕ್ಕೆ ದಿ. ಬಾ. ಪಾಟೀಲರ ಹೆಸರಿಡಬೇಕೆಂದು 2021ರ ಜೂನ್‌ನಲ್ಲಿ ಈ ಕಡೆಯ ಆಗ್ರಿ, ಕೋಳಿ ಸಮುದಾಯಗಳ ಜನ ಸಾವಿರಾರು ಸಂಖ್ಯೆಯಲ್ಲಿ ಬೀದಿಗಿಳಿದದ್ದು ಯಾಕೆಂದು ಹೊರಗಿನವರು ಕೇಳುವುದುಂಟು. ಜಾಸಯಿಯಲ್ಲಿ ಹುಟ್ಟಿದ ಪಾಟೀಲರು ಶೇತಕರಿ ಕಾಮಗಾರ ಪಕ್ಷದವರು, ಇಲ್ಲಿನವರ ಬಾಯಲ್ಲಿ ‘ದಿಬಾ’. ನವಿ ಮುಂಬಯಿಗಾಗಿ ಠಾಣೆ, ಪನವೇಲ್, ಉರಣ್ ಕಡೆಯ 95 ಹಳ್ಳಿಗಳ ಭತ್ತದ ಗದ್ದೆ, ಉಪ್ಪಿನ ಗದ್ದೆಗಳನ್ನು ತೆಗೆದುಕೊಂಡಾಗ ರೈತರನ್ನು ಸಂಘಟಿಸಿದವರು ಅವರು. 1984ರ ಜನವರಿಯ ಆ ಹೋರಾಟದಲ್ಲಿ ಪೊಲೀಸರ ಗುಂಡಿಗೆ ಐವರು ಬಲಿಯಾದರು. ಭೂಮಿ ಕಳೆದುಕೊಂಡವರಿಗೆ ಅಭಿವೃದ್ಧಿಪಡಿಸಿದ ನೆಲದಲ್ಲಿ ಶೇಕಡ 12.5 ಪಾಲು ಮರಳಿ ಸಿಗುವ ಯೋಜನೆ ಬಂದದ್ದು ಆ ರಕ್ತದ ಫಲವಾಗಿ. ವಿಂಧ್ಯಕ್ಕೆ ಅಗಸ್ತ್ಯರು ಕೈಮುಗಿದು ಕೇಳಿದ್ದರು. ಇಲ್ಲಿ ಕೇಳಿದ ಕ್ರಮ ಬೇರೆ. ಆದರೂ ಕರಾರಿನಲ್ಲಿ ಮೂರನೆಯವನ ಸಾಲೊಂದನ್ನು ಬರೆಸಿದ ಮನುಷ್ಯ ದಿಬಾ, ಅದಕ್ಕೇ ಆ ಹೆಸರಿಗಾಗಿ ಅಷ್ಟು ಹಟ.

ಅಂಥ ನಾಯಕರಿಲ್ಲದವು ಹಕ್ಕಿಗಳು. ಕಾಮೋಠೆಗೆ ಹತ್ತಿರದ ರೈಲು ನಿಲ್ದಾಣದ ಹೆಸರು ಮಾನಸರೋವರ. ಹಾರ್ಬರ್ ಲೈನಿನಲ್ಲಿ ದಿನವೂ ಆ ಹೆಸರನ್ನು ಧ್ವನಿವರ್ಧಕದಲ್ಲಿ ಕೇಳುತ್ತ ಇಳಿಯುವ ನಾವು, ಹಂಸಗಳು ನಿಜಕ್ಕೂ ಇಲ್ಲಿಗೆ ಬರುತ್ತವೆ ಎಂಬುದನ್ನು ನೆನೆಯುವುದು ಕಡಿಮೆ. ಕಛ್‌ನ ರಣದಿಂದ ರಾಜಹಂಸಗಳು, ಇಲ್ಲಿನವರು ಫ್ಲೆಮಿಂಗೊ ಎನ್ನುವ ಗುಲಾಬಿ ಹಕ್ಕಿಗಳು, ಚಳಿಗಾಲಕ್ಕೆ ಠಾಣೆ ಖಾಡಿಗೆ ಬರುತ್ತವೆ, ಮಳೆಗೆ ಮುಂಚೆ ಹೊರಡುತ್ತವೆ. ಖಾಡಿಯಲ್ಲಿ ಉಬ್ಬರ ಬಂದು ಕೆಸರು ಮುಳುಗಿದಾಗ ನೆರೂಳಿನ ಕೆರೆಗಳಿಗೆ ಬಂದು ನಿಲ್ಲುತ್ತವೆ. 2015ರಲ್ಲಿ ಠಾಣೆ ಖಾಡಿ ಫ್ಲೆಮಿಂಗೊ ಅಭಯಾರಣ್ಯವಾಯಿತು, 2022ರಲ್ಲಿ ಜೌಗುನೆಲಗಳ ರಾಮ್‌ಸಾರ್ ಪಟ್ಟಿಗೂ ಸೇರಿತು. ಆದರೆ ಪಟ್ಟಿಗೆ ಸೇರಿದ್ದು ನೀರು. ನೀರಿಂದ ನೀರಿಗೆ ಹೋಗುವ ದಾರಿ ಆಕಾಶದಲ್ಲಿದೆ. 2024ರ ಮೇ 20ರ ರಾತ್ರಿ ಘಾಟ್‌ಕೋಪರ್‌ನ ಮೇಲೆ ದುಬೈನಿಂದ ಬರುತ್ತಿದ್ದ ವಿಮಾನಕ್ಕೆ ಅಡ್ಡ ಸಿಕ್ಕಿ 39 ರಾಜಹಂಸಗಳು ಸತ್ತು ಬಿದ್ದವು. ವಿಮಾನ ಸುರಕ್ಷಿತವಾಗಿ ಇಳಿಯಿತು, ಅದು ದೊಡ್ಡ ಪುಣ್ಯ. ಬೆಳಿಗ್ಗೆ ಬೀದಿಬೀದಿಗಳಲ್ಲಿ ಆ ಗುಲಾಬಿ ರೆಕ್ಕೆಗಳನ್ನು ಆರಿಸಿ ತೆಗೆದ ಚಿತ್ರಗಳನ್ನು ನೋಡಿ ನಾನು ಆ ದಿನ ಊಟ ಬಿಟ್ಟೆ.

ಹಕ್ಕಿಗಳ ಆಕಾಶಕ್ಕೂ ಒಂದು ಒಪ್ಪಂದ ಇದೆಯೆಂಬುದು ಬಹಳ ಜನರಿಗೆ ಗೊತ್ತಿಲ್ಲ. ವಲಸೆ ಹೋಗುವ ಜೀವಿಗಳನ್ನು ಕಾಪಾಡಲು 1979ರಲ್ಲಿ ಜರ್ಮನಿಯ ಬಾನ್ ನಗರದಲ್ಲಿ ಆದ ಒಪ್ಪಂದಕ್ಕೆ ಭಾರತ 1983ರಲ್ಲೇ ಸೇರಿದೆ. 2020ರ ಫೆಬ್ರವರಿಯಲ್ಲಿ ಅದರ ಹದಿಮೂರನೆಯ ಮಹಾಸಭೆ ಗಾಂಧಿನಗರದಲ್ಲೇ ನಡೆಯಿತು. ಹಕ್ಕಿ ಹಾದುಹೋಗುವ ಪ್ರತಿ ದೇಶಕ್ಕೂ ಆ ಹಕ್ಕಿಯ ಹೊಣೆಯಿದೆ ಎಂಬುದು ಅದರ ಜೀವಾಳ. ಚಿಕಾಗೋದ ಒಪ್ಪಂದಕ್ಕೂ ನಮ್ಮ ರುಜು ಇದೆ, ಬಾನ್ ಒಪ್ಪಂದಕ್ಕೂ ಇದೆ. ಮೊದಲನೆಯದಕ್ಕೆ ರೇಡಾರ್ ಗೋಪುರ ಕಾವಲಿದೆ. ಎರಡನೆಯದನ್ನು ಇಲ್ಲಿ ಕಾಯುತ್ತಿರುವವರು ಬೆಳಿಗ್ಗೆ ಬೈನಾಕ್ಯುಲರ್ ಹಿಡಿದು ಕೆರೆಯಂಚಿಗೆ ಹೋಗುವ ನಾಗರಿಕರು, ಗೃಹಿಣಿಯರು, ಶಾಲೆಯ ಮಕ್ಕಳು. 2024ರ ಬೇಸಿಗೆಯಲ್ಲಿ ನೆರೂಳಿನ ಕೆರೆಗೆ ಉಬ್ಬರದ ನೀರು ಬಾರದೆ ಒಣಗಿ ಹಕ್ಕಿಗಳು ಸತ್ತಾಗ ಬೀದಿಗೆ ಬಂದವರೂ ಅವರೇ. ಆ ಕೆರೆಗಳಲ್ಲಿ ನೀರು ನಿಲ್ಲುವಂತೆ ನೋಡಿಕೊಳ್ಳುವುದನ್ನು ನಾನು ವಿಮಾನಗಳ ಸುರಕ್ಷತೆಯ ಕೆಲಸವೆಂದೇ ಎಣಿಸುತ್ತೇನೆ. ಕೂರಲು ತಾವಿದ್ದ ಹಕ್ಕಿ ಕೂರುತ್ತದೆ, ತಾವು ತಪ್ಪಿದ ಹಕ್ಕಿ ರಾತ್ರಿಯ ಆಕಾಶದಲ್ಲಿ ಅಲೆಯುತ್ತದೆ.

ಆದ್ದರಿಂದ ನಮ್ಮ ಕರಾರಿಗೆ ಕೆಲವು ಸಾಲು ಸೇರಿಸಲು ಕೇಳೋಣ. ಶಬ್ದ ಅಳೆಯುವ ಯಂತ್ರಗಳು ಕಾಮೋಠೆ, ಖಾಂದೇಶ್ವರ, ಉಲ್ವೆಗಳ ವಸತಿಯ ನಡುವೆಯೇ ಇರಲಿ, ಅವುಗಳ ಅಂಕಿ ರೈಲು ನಿಲ್ದಾಣದ ಫಲಕದ ಮೇಲೆ ಗಾಡಿಯ ಹೊತ್ತಿನಂತೆ ಎಲ್ಲರಿಗೂ ಕಾಣಲಿ. ಶಬ್ದ ವಲಯದ ನಕ್ಷೆಯನ್ನು ಮರಾಠಿಯಲ್ಲಿ ಮುದ್ರಿಸಿ ಪ್ರತಿ ಸೊಸೈಟಿಯ ನೋಟಿಸ್ ಬೋರ್ಡಿಗೆ ಹಚ್ಚಲಿ. ಕನ್ನಡಕ್ಕೆ ತರುವ ಕೆಲಸ ನಾವೇ ಮಾಡಿಕೊಳ್ಳುತ್ತೇವೆ. ಹಕ್ಕಿಗಳು ಹೊರಡುವ ಮೇ ತಿಂಗಳ ರಾತ್ರಿಗಳಲ್ಲಿ ವಿಮಾನಗಳ ದಾರಿ ಗೊತ್ತುಮಾಡುವವರು ಹಕ್ಕಿ ಬಲ್ಲವರನ್ನು ಪಕ್ಕದಲ್ಲಿ ಕೂರಿಸಿಕೊಳ್ಳಲಿ. ಮೊದಲ ಹಂತದಲ್ಲಿ ವರ್ಷಕ್ಕೆ 2 ಕೋಟಿ ಪ್ರಯಾಣಿಕರು, ಪೂರ್ತಿಯಾದ ಮೇಲೆ 9 ಕೋಟಿ ಎನ್ನುತ್ತಾರೆ. ಎರಡು ಕೋಟಿ ಇರುವಾಗಲೇ ಮಾತಾಡಿಬಿಡಬೇಕು. ಕನ್ನಡ ಸಂಘಗಳು ರಾಜ್ಯೋತ್ಸವ, ನಾಟಕ, ಯಕ್ಷಗಾನಗಳನ್ನು ಎಷ್ಟು ಶ್ರದ್ಧೆಯಿಂದ ನಡೆಸುತ್ತವೋ ಅಷ್ಟೇ ಶ್ರದ್ಧೆಯಿಂದ ಒಂದು ಭಾನುವಾರ ಈ ಮಾತಿಗೂ ಆಗ್ರಿ, ಕೋಳಿ ಬಂಧುಗಳ ಜೊತೆ ಕೂರಲಿ. ಅವರ ಗದ್ದೆಯ ಮೇಲೆಯೇ ನಮ್ಮ ಮನೆಗಳೂ ಎದ್ದಿವೆ.

ಮೊಮ್ಮಗನಿಗೆ ಒಂದು ಮಾತು ಕೊಟ್ಟಿದ್ದೇನೆ. ಮೇ ಮೊದಲ ವಾರ, ರಾತ್ರಿ ಹತ್ತರ ಸುಮಾರಿಗೆ ಟೆರೇಸ್‌ಗೆ ಹೋಗಿ ದಕ್ಷಿಣದ ಅಂಚಿನಲ್ಲಿ, ಕೈಚಾಚಿ ಹಿಡಿದ ಮುಷ್ಟಿಯಷ್ಟೇ ಮೇಲೆ, ನಾಲ್ಕು ನಕ್ಷತ್ರಗಳನ್ನು ಹುಡುಕುವುದು. ಶಿಲುಬೆಯಂತೆ ಕಾಣುವ ಆ ಗುಂಪನ್ನು ನಮ್ಮವರು ತ್ರಿಶಂಕು ಎಂದು ಗುರುತಿಸುತ್ತಾರೆ. ಇಲ್ಲಿಂದ ನೋಡಿದರೆ ಅದು ನಿಲ್ಲುವುದು ವಿಮಾನ ನಿಲ್ದಾಣದ ನೆತ್ತಿಯ ಮೇಲೆ. ಅಲ್ಲಿನ ದೀಪಗಳ ಬೆಳಕಿನಲ್ಲಿ ನಾಲ್ಕರಲ್ಲಿ ಎಷ್ಟು ಕಂಡಾವೋ ಎಣಿಸಿ ನೋಡಬೇಕು. ಹುಡುಗ ಈಗಲೇ ಕ್ಯಾಲೆಂಡರಿನಲ್ಲಿ ಪೆನ್ಸಿಲ್‌ನಿಂದ ಗುರುತು ಹಾಕಿಟ್ಟಿದ್ದಾನೆ.